ಭಾರವಾಗಿ ಹೊಡೆಯುವ ಹೆಣ್ಣು ಪಾತ್ರ ಬೇಕು, ಇಂಡೀ ಫೈಟಿಂಗ್ ಗೇಮ್‌ಗಳಲ್ಲಿ ಎಲ್ಲಿ ಹುಡುಕಲಿ?

ಪ್ರಶ್ನೆ: ಫೈಟಿಂಗ್ ಗೇಮ್ ಆಡಲು ಶುರುಮಾಡಿ ಎರಡು ವರ್ಷವಾಯಿತು. ನನಗೆ ಹೆಣ್ಣು ಪಾತ್ರಗಳನ್ನೇ ಆಡುವ ಆಸೆ. ಆದರೆ ಯಾವ ಗೇಮ್ ತೆರೆದರೂ ಹೆಣ್ಣು ಪಾತ್ರ ಎಂದರೆ ಚುರುಕು, ಹಗುರ, ಲೈಫ್ ಕಡಿಮೆ, ಕಾಂಬೊ (ಒಂದರ ಹಿಂದೊಂದು ಬೀಳುವ ಏಟುಗಳ ಸರಪಳಿ) ಉದ್ದ. ನನ್ನ ಬೆರಳು ಅಷ್ಟು ವೇಗವಾಗಿ ಓಡುವುದಿಲ್ಲ. ನಿಧಾನವಾಗಿ ಹತ್ತಿರ ಹೋಗಿ, ಒಂದೇ ಪಟ್ಟು ಹಾಕಿ ಎದುರಾಳಿಯನ್ನು ನೆಲಕ್ಕೆ ಕೆಡವುವುದು ನನಗಿಷ್ಟ. ಇಂಡೀ ಗೇಮ್‌ಗಳಲ್ಲಿ, ಅಂದರೆ ಸಣ್ಣ ಸ್ವತಂತ್ರ ತಂಡಗಳು ಮಾಡುವ ಗೇಮ್‌ಗಳಲ್ಲಿ, ಅಂಥ ಹೆಣ್ಣು ಪಾತ್ರಗಳಿವೆಯೆ? ಇನ್ನೊಂದು ವಿಷಯ. ಗೆಳತಿಯ ಜೊತೆ ಸೇರಿ ನಾಲ್ಕು ಪಾತ್ರಗಳ ಪುಟ್ಟ ಫೈಟಿಂಗ್ ಗೇಮ್ ಮಾಡುತ್ತಿದ್ದೇನೆ, ಅದರಲ್ಲಿ ಇಬ್ಬರು ಹೆಣ್ಣುಮಕ್ಕಳು. ಅವರು ಅದೇ ಹಳೆಯ ಅಚ್ಚಿನಲ್ಲಿ ಬೀಳದಂತೆ ಮಾಡುವುದು ಹೇಗೆ?

ಉತ್ತರ:

ಇವೆ. ನಿಮಗೆ ಮೊದಲು ಪರಿಚಯ ಮಾಡಿಸಬೇಕಾದವಳು ಸೆರೆಬೆಲ್ಲಾ. ಸ್ಕಲ್‌ಗರ್ಲ್ಸ್ ಗೇಮ್‌ನ ಸರ್ಕಸ್ ಹುಡುಗಿ. ಅವಳ ತಲೆಯ ಮೇಲೆ ವೈಸ್-ವರ್ಸಾ ಎಂಬ ಜೀವಂತ ಟೋಪಿಯೊಂದಿದೆ, ಆ ಟೋಪಿಗೆ ಎರಡು ದೈತ್ಯ ತೋಳುಗಳಿವೆ. ಹುಡುಗಿಯ ಮೈಕಟ್ಟು ಹೇಗೇ ಇರಲಿ, ಎದುರಾಳಿಗೆ ತಾಗುವುದು ಆ ತೋಳುಗಳ ಭಾರ. ಅವಳು ಪಕ್ಕಾ ಗ್ರ್ಯಾಪ್ಲರ್, ಅಂದರೆ ಹತ್ತಿರ ಹೋಗಿ ಹಿಡಿದು ಎಸೆಯುವವಳು.

ನೀವು ಕೇಳಿದ "ಒಂದೇ ಪಟ್ಟು" ಅವಳ ಕೈಯಲ್ಲಿ ಹೇಗಿರುತ್ತದೆ ಎಂದು ಹೇಳುತ್ತೇನೆ. ಎದುರಾಳಿಯನ್ನು ಮೂಲೆಗೆ ತಳ್ಳಿದ್ದೀರಿ, ಅವನು ಕೂತು ಬ್ಲಾಕ್ ಮಾಡುತ್ತಿದ್ದಾನೆ. ನೀವು ಒಂದು ಸಣ್ಣ ಏಟು ಹಾಕುತ್ತೀರಿ, ಅವನು ತಡೆಯುತ್ತಾನೆ. ಆ ಕೂಡಲೇ ಸೆರೆಬೆಲ್ಲಾಳನ್ನು ಮುಂದಕ್ಕೆ ಓಡಿಸಿ, ಓಟವನ್ನು ನಡುವೆಯೇ ನಿಲ್ಲಿಸುತ್ತೀರಿ. ಈಗ ಇಬ್ಬರ ನಡುವೆ ಒಂದು ತೋಳಿನ ಅಂತರ. ಅವನು ಕೂತೇ ಇದ್ದರೆ ಡೈಮಂಡ್ ಡ್ರಾಪ್ ಎಂಬ ಪಟ್ಟು ಹಾಕಿ ಎತ್ತಿ ಕುಕ್ಕುತ್ತೀರಿ. ಅದು ಕಮಾಂಡ್ ಥ್ರೋ, ಬಟನ್‌ಗಳ ವಿಶೇಷ ಜೋಡಣೆಯಿಂದ ಬರುವ ಎಸೆತ. ಅದಕ್ಕೆ ಬ್ಲಾಕ್ ಇಲ್ಲ, ಮಾಮೂಲಿ ಥ್ರೋದಂತೆ ಬಟನ್ ಒತ್ತಿ ಬಿಡಿಸಿಕೊಳ್ಳುವ ದಾರಿಯೂ ಇಲ್ಲ. ಅವನಿಗೂ ಅದು ಗೊತ್ತು, ಅದಕ್ಕೇ ಮುಂದಿನ ಸಲ ಹಾರುತ್ತಾನೆ. ಹಾರಿದವನನ್ನು ಗಾಳಿಯಲ್ಲೇ ಹಿಡಿಯಲು ಎಕ್ಸೆಲೆಬೆಲ್ಲಾ ಎಂಬ ಇನ್ನೊಂದು ಪಟ್ಟಿದೆ. ಕೂತರೆ ಒಂದು, ಹಾರಿದರೆ ಇನ್ನೊಂದು. ಅಡಕತ್ತರಿಯಲ್ಲಿ ಸಿಕ್ಕ ಅಡಕೆಯ ಸ್ಥಿತಿ ಅವನದು. ಇಷ್ಟು ಹೊತ್ತಿನಲ್ಲಿ ನಿಮ್ಮ ಬೆರಳಿಗೆ ಇದ್ದ ಕೆಲಸ ಬಹಳ ಕಡಿಮೆ. ದುಡಿದದ್ದು ತಲೆ: ಇವನು ಹೆದರುವುದು ಯಾವುದಕ್ಕೆ, ಹೋದ ಸಲ ಏನು ಮಾಡಿದ, ಈ ಸಲ ಏನು ಮಾಡುತ್ತಾನೆ?

ಒಂದು ಮಾತನ್ನು ಮೊದಲೇ ಹೇಳಿಬಿಡಬೇಕು. ಸ್ಕಲ್‌ಗರ್ಲ್ಸ್‌ನಲ್ಲಿ ಕಾಂಬೊಗಳು ಉದ್ದ, ಸೆರೆಬೆಲ್ಲಾಳದೂ ಉದ್ದವೇ. ಅದಕ್ಕೆ ಹೆದರಬೇಡಿ. ಅವಳ ಆಟದ ಜೀವ ಇರುವುದು ಆ ಕೂತರೆ-ಹಾರಿದರೆ ಎಂಬ ಪ್ರಶ್ನೆಯಲ್ಲಿ. ಅದು ಕೈಗೆ ಬಂದ ಮೇಲೆ ನಾಲ್ಕೈದು ಏಟಿನ ಸಣ್ಣ ಕಾಂಬೊ ಸೇರಿಸಿಕೊಂಡರೂ ಗೆಲ್ಲುತ್ತೀರಿ.

ಈಗ ನಿಮ್ಮ ದೂರಿನ ಬೇರಿಗೆ ಹೋಗೋಣ. ಹೆಣ್ಣು ಪಾತ್ರ ಎಂದರೆ ಚುರುಕು ಮತ್ತು ಹಗುರ ಎನ್ನುವ ಅಚ್ಚು ಎಲ್ಲಿಂದ ಬಂತು? 1991ರ ಸ್ಟ್ರೀಟ್ ಫೈಟರ್ 2ರಲ್ಲಿ ಆರಿಸಿಕೊಳ್ಳಲು 8 ಪಾತ್ರಗಳಿದ್ದವು, ಅವರಲ್ಲಿ ಹೆಣ್ಣು ಚುನ್-ಲೀ ಒಬ್ಬಳೇ. 1992ರ ಫೇಟಲ್ ಫ್ಯೂರಿ 2ರಲ್ಲೂ 8 ಮಂದಿ, ಹೆಣ್ಣು ಮಾಯ್ ಶಿರಾನುಯಿ ಒಬ್ಬಳೇ. ಅದೇ ವರ್ಷದ ಮಾರ್ಟಲ್ ಕಾಂಬ್ಯಾಟ್‌ನಲ್ಲಿ 7 ಮಂದಿಯ ನಡುವೆ ಸೋನ್ಯಾ ಒಬ್ಬಳೇ. ಇಡೀ ಗುಂಪಿನಲ್ಲಿ ಹೆಣ್ಣು ಒಬ್ಬಳೇ ಇದ್ದಾಗ "ಹೆಣ್ಣು" ಎನ್ನುವುದೇ ಅವಳ ಆಟದ ಶೈಲಿಯಾಗಿಬಿಡುತ್ತದೆ. ದಪ್ಪ ಮೈಯ ಕುಸ್ತಿಪಟು, ಬೆಂಕಿ ಉಗುಳುವ ಸಾಧು, ಕಾಡುಮನುಷ್ಯ ಎಂದು ಗಂಡಸರಲ್ಲಿ ಬಗೆಬಗೆ. ಉಳಿದ ಒಂದು ಜಾಗಕ್ಕೆ ಇವರ್‍ಯಾರಂತೆಯೂ ಇಲ್ಲದ ಒಬ್ಬಳು ಬೇಕು. ಎಲ್ಲರೂ ಭಾರವಾದ್ದರಿಂದ ಅವಳು ಹಗುರ. ಇದರಲ್ಲಿ ಚುನ್-ಲೀಯ ತಪ್ಪೇನೂ ಇಲ್ಲ, ಅವಳು ಅದ್ಭುತವಾಗಿ ಕಟ್ಟಿದ ಪಾತ್ರ. ತಪ್ಪು ಅವಳನ್ನು ಒಂಟಿಯಾಗಿ ನಿಲ್ಲಿಸಿದ ಲೆಕ್ಕದಲ್ಲಿದೆ. ಅವಳ ನಂತರ ಬಂದ ಎಷ್ಟೋ ಗೇಮ್‌ಗಳು ಅವಳ ಒಂಟಿತನವನ್ನೇ ಮಾದರಿ ಎಂದುಕೊಂಡವು. ದೊಡ್ಡ ಗೇಮ್‌ಗಳಲ್ಲೂ ಅಪವಾದಗಳಿವೆ. 1998ರ ಸ್ಟ್ರೀಟ್ ಫೈಟರ್ ಆಲ್ಫಾ 3ಕ್ಕೆ ಬಂದ ರೇನ್‌ಬೋ ಮೀಕಾ ಕುಸ್ತಿಯವಳು, ಹಿಡಿದು ಎಸೆಯುವುದೇ ಅವಳ ಆಟ. ಆದರೆ ಆಕೆಯನ್ನು ಇಂದಿಗೂ "ಹೆಣ್ಣಾದರೂ ಗ್ರ್ಯಾಪ್ಲರ್" ಎಂದು ಪರಿಚಯಿಸುತ್ತಾರೆ. ಆ "ಆದರೂ" ಕೇಳಿದಾಗಲೆಲ್ಲ ನನಗೆ ಬೇಸರವಾಗುತ್ತದೆ.

ಆ "ಆದರೂ" ಬಿದ್ದುಹೋಗುವುದು ಎಲ್ಲರೂ ಹೆಣ್ಣಾದಾಗ. 2012ರಲ್ಲಿ ಸ್ಕಲ್‌ಗರ್ಲ್ಸ್ ಬಂದಾಗ ಅದರಲ್ಲೂ 8 ಪಾತ್ರಗಳು, ಎಂಟಕ್ಕೆ ಎಂಟೂ ಹೆಣ್ಣು. ಫೈಟಿಂಗ್ ಗೇಮ್ ಎಂದ ಮೇಲೆ ಅದರಲ್ಲಿ ಗ್ರ್ಯಾಪ್ಲರ್ ಇರಬೇಕು, ದೂರದಿಂದ ಹೊಡೆಯುವ ಜೋನರ್ ಇರಬೇಕು, ಮೈಮೇಲೆ ಬೀಳುವ ರಶ್‌ಡೌನ್ ಇರಬೇಕು, ಹೊಂಚು ಹಾಕಿ ಕೂರುವ ಚಾರ್ಜ್ ಪಾತ್ರ ಇರಬೇಕು. ಗಂಡಸರೇ ಇಲ್ಲದ ಮೇಲೆ ಈ ಅಷ್ಟೂ ಕೆಲಸವನ್ನು ಹೆಂಗಸರೇ ಹಂಚಿಕೊಳ್ಳಬೇಕಾಯಿತು. ಇಂಡೀ ತಂಡಕ್ಕೆ ಇನ್ನೊಂದು ಒತ್ತಡವೂ ಇತ್ತು, ಅದು ಹಣದ್ದು. 2013ರಲ್ಲಿ ಆ ತಂಡ ಹೊಸ ಪಾತ್ರಗಳಿಗಾಗಿ ಇಂಡಿಗೋಗೋ ಎಂಬ ಜಾಲತಾಣದಲ್ಲಿ ಜನರಿಂದ ಹಣ ಸಂಗ್ರಹಿಸಿತು. ಆಗ ಒಂದೇ ಒಂದು ಪಾತ್ರಕ್ಕೆ 1,50,000 ಡಾಲರ್ ಬೇಕು ಎಂದು ಬಾಬುವಾರು ಲೆಕ್ಕ ಕೊಟ್ಟಿತ್ತು. ಕೊನೆಗೆ ಕೂಡಿದ್ದು 8 ಲಕ್ಷ ಡಾಲರ್‌ಗೂ ಹೆಚ್ಚು. ಪ್ರತಿ ಫ್ರೇಮನ್ನೂ (ಚಲನೆಯ ಒಂದೊಂದು ಚಿತ್ರವನ್ನೂ) ಕೈಯಲ್ಲಿ ಬರೆಯುವ 2ಡಿ ಗೇಮ್‌ನಲ್ಲಿ ಒಬ್ಬೊಬ್ಬರಿಗೂ ಅಷ್ಟು ಖರ್ಚಾಗುವಾಗ ಇದ್ದವಳಂತೆಯೇ ಇನ್ನೊಬ್ಬಳನ್ನು ಮಾಡುವ ಸೋಮಾರಿತನ ಕೈಗೆಟುಕುವುದಿಲ್ಲ. ಸ್ಕಲ್‌ಗರ್ಲ್ಸ್‌ನ ಮೊದಲ ಗಂಡು ಪಾತ್ರ ಬಿಗ್ ಬ್ಯಾಂಡ್ ಬಂದದ್ದೇ ಆ ಸಂಗ್ರಹದ ಹಣದಿಂದ.

ಹಾಗಾಗಿ ಪಾತ್ರ ಆರಿಸುವಾಗ ಅದರ ಮೈಕಟ್ಟು, ವಯಸ್ಸು, ಬಟ್ಟೆ ಇವನ್ನೆಲ್ಲ ಪಕ್ಕಕ್ಕಿಡಿ. ಎರಡೇ ಪ್ರಶ್ನೆ ಕೇಳಿ. ಇವಳು ಎದುರಾಳಿಯನ್ನು ಎಷ್ಟು ದೂರದಲ್ಲಿ ಇಟ್ಟುಕೊಳ್ಳಲು ಬಯಸುತ್ತಾಳೆ? ಆ ದೂರದಲ್ಲಿ ಅವನಿಗೆ ಯಾವುದರ ಭಯ ಹುಟ್ಟಿಸುತ್ತಾಳೆ? ನಾನು ಇಷ್ಟು ವರ್ಷ ಆಡಿ, ಹೊಸಬರಿಗೆ ಹೇಳಿಕೊಟ್ಟು ಕಂಡುಕೊಂಡದ್ದು ಇದು: ಈ ಎರಡಕ್ಕೆ ಉತ್ತರ ಸಿಕ್ಕರೆ ಶೈಲಿ ಗೊತ್ತಾಯಿತು. ಗ್ರ್ಯಾಪ್ಲರ್, ಜೋನರ್ ಎಂಬ ಹೆಸರುಗಳು ಆ ಉತ್ತರಗಳಿಗೆ ಅಂಟಿಸಿದ ಚೀಟಿಗಳು.

ಸ್ಕಲ್‌ಗರ್ಲ್ಸ್‌ನ ಪೀಕಾಕ್‌ಳನ್ನು ಈ ಪ್ರಶ್ನೆಗಳಿಂದ ನೋಡಿ. ಹಳೇ ಕಾಲದ ಕಪ್ಪು-ಬಿಳುಪು ಕಾರ್ಟೂನಿನಿಂದ ಎದ್ದು ಬಂದಂಥ ಪುಟ್ಟ ಹುಡುಗಿ. ಅವಳಿಗೆ ಎದುರಾಳಿ ಪರದೆಯ ಆಚೆ ತುದಿಯಲ್ಲಿರಬೇಕು. ಬಂದೂಕು, ಬಾಂಬು ಎಲ್ಲ ಇದೆ. ಆದರೆ ಅವಳ ನಿಜವಾದ ಆಯುಧ ಒಂದು ನೆರಳು. ಬಟನ್ ಒತ್ತಿ ಹಿಡಿದರೆ ಎದುರಾಳಿಯ ಕಾಲಡಿಯಲ್ಲಿ ನೆರಳೊಂದು ಮೂಡಿ ಅವನನ್ನೇ ಹಿಂಬಾಲಿಸುತ್ತದೆ. ಬಿಟ್ಟ ಕ್ಷಣ ಮೇಲಿಂದ ಏನೋ ಒಂದು ಬೀಳುತ್ತದೆ. ಹೆಚ್ಚು ಹೊತ್ತು ಹಿಡಿದಷ್ಟೂ ಬೀಳುವ ವಸ್ತು ದೊಡ್ಡದು. ಯಾವಾಗ ಬಿಡುತ್ತಾಳೋ ಎಂದು ಕಾಯುವುದೇ ಎದುರಾಳಿಗೆ ಹಿಂಸೆ.

ಪ್ಯಾರಾಸೋಲ್ ಬಗ್ಗೆ ಸ್ವಲ್ಪ ಹೆಚ್ಚು ಹೇಳಬೇಕು, ಏಕೆಂದರೆ ಸೆರೆಬೆಲ್ಲಾ ನಿಮಗೆ ಒಗ್ಗದಿದ್ದರೆ ಇವಳು ಒಗ್ಗಬಹುದು. ಇವಳು ರಾಜಕುಮಾರಿ, ಕೈಯಲ್ಲಿ ಜೀವಂತ ಕೊಡೆ. ಸ್ಟ್ರೀಟ್ ಫೈಟರ್‌ನ ಗೈಲ್‌ನಂತೆ ಚಾರ್ಜ್ ಪಾತ್ರ. ಹಿಂದಕ್ಕೆ ಒತ್ತಿ ಹಿಡಿದು ಮುಂದಕ್ಕೆ ಬಿಟ್ಟರೆ ಬೆಂಕಿಯ ಉಂಡೆ, ಕೆಳಕ್ಕೆ ಹಿಡಿದು ಮೇಲಕ್ಕೆ ಬಿಟ್ಟರೆ ಬೆಂಕಿಯ ಕಂಬ. ಆದರೆ ಗೈಲ್ ಬಳಿ ಇಲ್ಲದ್ದೊಂದು ಇವಳ ಬಳಿ ಇದೆ. ನಾಪಾಮ್‌ನ ಹನಿಗಳನ್ನು ಗಾಳಿಯಲ್ಲಿ ತೂಗುಬಿಡುತ್ತಾಳೆ. ಕಣ್ಣೀರಿನ ಆಕಾರದ ಕೆಂಪು ಹನಿ ಅಲ್ಲೇ ಸುಮ್ಮನೆ ನಿಂತಿರುತ್ತದೆ, ಏನೂ ಮಾಡುವುದಿಲ್ಲ. ಅವಳು ಸಿಡಿಸುವ ಮೂವ್ ಮಾಡಿದಾಗ ಮಾತ್ರ ಸಿಡಿಯುತ್ತದೆ. ಒಂದು ಹನಿ ಎದುರಾಳಿ ಹಾರುವ ದಾರಿಯಲ್ಲಿ, ಇನ್ನೊಂದು ಅವನು ಡ್ಯಾಶ್ ಮಾಡುವ (ಸಟ್ಟನೆ ಮುಂದೆ ನುಗ್ಗುವ) ದಾರಿಯಲ್ಲಿ ಇಟ್ಟು, ನೀವು ಹಿಂದಕ್ಕೆ ಒತ್ತಿ ಹಿಡಿದು ಕಾಯುತ್ತೀರಿ. ನೀವು ಆಡುತ್ತಿರುವುದು ನಿಧಾನವಾಗಿ, ಆದರೂ ಎದುರಾಳಿಗೆ ಉಸಿರಾಡಲು ಪುರುಸೊತ್ತಿಲ್ಲ. ಬೇಕಾದಾಗ ಅವಳ ಸೈನಿಕರೂ ಬರುತ್ತಾರೆ. ಅಧಿಕಾರ ಎನ್ನುವ ಗುಣ ಆಟದ ಶೈಲಿಯಾಗಿ ಬದಲಾಗುವುದನ್ನು ನೋಡಬೇಕೆಂದರೆ ಇವಳನ್ನು ನೋಡಿ. ಅವಳು ಕದಲುವುದಿಲ್ಲ, ಉಳಿದವರು ಕದಲಬೇಕು.

ಪೇನ್‌ವೀಲ್ ಇನ್ನೊಂದು ಬಗೆ. ಬೆನ್ನಿಗೆ ಬ್ಲೇಡುಗಳ ಚಕ್ರ ಹೊತ್ತು ಹಾರುವವಳು. ಏಟಿನ ಬಟನ್ ಒತ್ತಿ ಹಿಡಿದರೆ ಬರುವ ಏಟುಗಳನ್ನು ನುಂಗಿಕೊಂಡು ನಿಲ್ಲುತ್ತಾಳೆ, ಬಿಟ್ಟಾಗ ತಿರುಗಿಸಿ ಕೊಡುತ್ತಾಳೆ. ನೋವು ತಿಂದು ಸಿಟ್ಟಾಗುವ ಪಾತ್ರ ಎಂಬ ಕಥೆಯನ್ನು ಒಂದು ಬಟನ್‌ನಲ್ಲಿ ಹೇಳಿದ್ದಾರೆ. ಫಿಲಿಯಾ ಮಾತ್ರ ನೀವು ಬೇಡ ಎಂದ ಬಗೆಯವಳು, ಗಾಳಿಯಲ್ಲಿ ಡ್ಯಾಶ್ ಮಾಡುತ್ತ ಮೈಮೇಲೆ ಬೀಳುವ ಚುರುಕಿನ ಹುಡುಗಿ. ಆದರೆ ಎಂಟರಲ್ಲಿ ಅವಳೂ ಒಬ್ಬಳು, ಅಷ್ಟೇ. ಅಲ್ಲಿ ಅವಳ ಚುರುಕು ಅವಳ ಸ್ವಂತದ್ದು, ಹೆಣ್ಣುಕುಲದ ಲಕ್ಷಣವಲ್ಲ.

ಸ್ಕಲ್‌ಗರ್ಲ್ಸ್ ಆಡುವುದೇ ಆದರೆ ಇನ್ನೊಂದು ಅನುಕೂಲ ಬಳಸಿಕೊಳ್ಳಿ. ಅಲ್ಲಿ ಒಬ್ಬರಿಂದ ಮೂವರವರೆಗೆ ತಂಡ ಕಟ್ಟಬಹುದು. ಒಬ್ಬಳನ್ನೇ ಆರಿಸಿದರೆ ಅವಳ ಲೈಫ್ ಮತ್ತು ಏಟಿನ ಬಲ ಎರಡೂ ಹೆಚ್ಚಿರುತ್ತದೆ. ಇಬ್ಬರನ್ನು ಆರಿಸಿದರೆ ಒಬ್ಬಳು ಆಡುವಾಗ ಇನ್ನೊಬ್ಬಳನ್ನು ಅಸಿಸ್ಟ್‌ಗೆ, ಅಂದರೆ ಬಂದು ಒಂದು ಮೂವ್ ಮಾಡಿ ಹೋಗುವ ಸಹಾಯಕ್ಕೆ, ಕರೆಯಬಹುದು, ಯಾವ ಮೂವ್ ಅಸಿಸ್ಟ್ ಆಗಬೇಕೆಂದು ನೀವೇ ನಿರ್ಧರಿಸಬಹುದು. ಗ್ರ್ಯಾಪ್ಲರ್‌ಗಳ ಹಳೆಯ ಕಷ್ಟ ಹತ್ತಿರ ತಲುಪುವುದು. ಪೀಕಾಕ್‌ಳ ಒಂದು ಬಾಂಬನ್ನು ಅಸಿಸ್ಟ್ ಮಾಡಿಕೊಂಡರೆ ಎದುರಾಳಿ ಅದನ್ನು ಬ್ಲಾಕ್ ಮಾಡುತ್ತಿರುವಷ್ಟರಲ್ಲಿ ಸೆರೆಬೆಲ್ಲಾ ಅವನ ಎದೆಗೆ ಎದೆ ಕೊಟ್ಟು ನಿಂತಿರುತ್ತಾಳೆ.

ಇಂಡೀ ಎಂದಾಗ ಜಪಾನಿನ ದೋಜಿನ್ ಗೇಮ್‌ಗಳನ್ನು ಬಿಟ್ಟರೆ ಉತ್ತರ ಅರ್ಧವಾಗುತ್ತದೆ. ಹವ್ಯಾಸಿಗಳು ಗುಂಪು ಕಟ್ಟಿ, ತಾವೇ ಮಾಡಿ ತಾವೇ ಮಾರುವ ಗೇಮ್‌ಗಳವು. ಸ್ಕಲ್‌ಗರ್ಲ್ಸ್‌ಗೆ ಹತ್ತು ವರ್ಷ ಮೊದಲೇ, 2002ರಲ್ಲಿ, ಮೆಲ್ಟಿ ಬ್ಲಡ್ ಹೀಗೆ ಹುಟ್ಟಿತು. ಅದರ ಪಾತ್ರಗಳಲ್ಲಿ ಬಹುಪಾಲು ಹೆಣ್ಣು. ಕೊಹಾಕು ಎಂಬ ಮನೆಗೆಲಸದವಳ ಪೊರಕೆಯೊಳಗೆ ಕತ್ತಿ ಅಡಗಿದೆ. ಆ ಸರಣಿಯ ಆಕ್ಟ್ರೆಸ್ ಅಗೇನ್ 2008ರಲ್ಲಿ ಬಂತು, ಅದು ತೋರಿಸಿದ ಒಂದು ವಿಚಾರ ನಿಮ್ಮ ಎರಡನೇ ಪ್ರಶ್ನೆಗೂ ಬೇಕಾದೀತು. ಅಲ್ಲಿ ಪಾತ್ರ ಆರಿಸಿದ ಮೇಲೆ ಅವಳ ಚಂದ್ರನನ್ನೂ ಆರಿಸಬೇಕು: ಕ್ರೆಸೆಂಟ್, ಹಾಫ್ ಅಥವಾ ಫುಲ್. ಅದರ ಮೇಲೆ ಅವಳ ಮೂವ್‌ಗಳು, ವಿಶೇಷ ಮೂವ್‌ಗಳಿಗೆ ಬೇಕಾದ ಶಕ್ತಿಯ ಮೀಟರ್ ತುಂಬುವ ಬಗೆ, ಏಟುಗಳನ್ನು ಒಂದಕ್ಕೊಂದು ಜೋಡಿಸುವ ನಿಯಮ ಎಲ್ಲ ಬದಲಾಗುತ್ತದೆ. ಅದೇ ಮುಖ, ಅದೇ ದನಿ, ಅದೇ ಬಟ್ಟೆ, ಆಟ ಮಾತ್ರ ಮೂರು. ಶೈಲಿ ಮೈಗೆ ಅಂಟಿಕೊಂಡು ಹುಟ್ಟುವುದಿಲ್ಲ ಎನ್ನುವುದಕ್ಕೆ ಇದಕ್ಕಿಂತ ಸ್ಪಷ್ಟ ಉದಾಹರಣೆ ನನಗೆ ಸಿಕ್ಕಿಲ್ಲ.

ತೋಹೊ ಎಂಬ ದೋಜಿನ್ ಸರಣಿಯ ಲೋಕದ ಫೈಟಿಂಗ್ ಗೇಮ್‌ಗಳೂ ಹೀಗೆಯೇ. 2004ರ ಇಮ್ಮೆಟೀರಿಯಲ್ ಆ್ಯಂಡ್ ಮಿಸ್ಸಿಂಗ್ ಪವರ್, 2008ರ ಸ್ಕಾರ್ಲೆಟ್ ವೆದರ್ ರ‍್ಯಾಪ್ಸಡಿ ಎರಡರಲ್ಲೂ ಹೆಚ್ಚುಕಡಿಮೆ ಎಲ್ಲರೂ ಹೆಣ್ಣು. ಗುಂಡಿನ ಮಳೆ ಸುರಿಸುವ ಶೂಟಿಂಗ್ ಗೇಮ್‌ಗಳಿಂದ ಬಂದ ಪಾತ್ರಗಳಾದ್ದರಿಂದ ಎಲ್ಲರ ಕೈಯಲ್ಲೂ ಪ್ರೊಜೆಕ್ಟೈಲ್, ಅಂದರೆ ದೂರಕ್ಕೆ ಹಾರಿಸುವ ಗುಂಡು, ಇದೆ. ಎಲ್ಲರೂ ಜೋನರ್ ಆದರೆ ಆಟ ಸತ್ತುಹೋಗುತ್ತದಲ್ಲ, ಅದಕ್ಕೆ ಗ್ರೇಜ್ ಎಂಬ ನಿಯಮ ತಂದರು. ಡ್ಯಾಶ್ ಮಾಡುವವಳು ಗುಂಡುಗಳ ನಡುವೆ ನುಸುಳಿ ಹೋಗುತ್ತಾಳೆ, ಆದರೆ ಹಾಗೆ ನುಸುಳುವಾಗ ಹತ್ತಿರದ ಏಟು ತಾಗುತ್ತದೆ. ಅದರಲ್ಲಿ ಇಬ್ಬರನ್ನು ನೋಡಿ. ಪ್ಯಾಚುಲಿ ಗ್ರಂಥಾಲಯ ಬಿಟ್ಟು ಹೊರಗೆ ಬಾರದ, ಆಸ್ತಮಾ ಇರುವ ಮಂತ್ರವಾದಿ. ಅವಳ ದೇಹ ದುರ್ಬಲ, ಮಂತ್ರ ಬಲಿಷ್ಠ, ಹಾಗಾಗಿ ದೂರವೇ ಅವಳ ಕೋಟೆ. ಸುಯಿಕಾ ನೋಡಲು ಚಿಕ್ಕ ಹುಡುಗಿ, ತಲೆಯ ಮೇಲೆ ಎರಡು ಕೊಂಬು, ಆದರೆ ಅವಳು ಓನಿ ಎಂಬ ರಾಕ್ಷಸ ಕುಲದವಳು. ಬೇಕೆಂದಾಗ ಪರದೆ ತುಂಬುವಷ್ಟು ದೈತ್ಯಳಾಗಿ ಬೆಳೆಯುತ್ತಾಳೆ. ಚಿಕ್ಕ ಮೈ ಎಂದರೆ ಹಗುರ ಎಂದುಕೊಂಡು ಹತ್ತಿರ ಹೋದವರು ಕಲಿತು ಬರುತ್ತಾರೆ. ನಿಮ್ಮ ರುಚಿಗೆ ಸುಯಿಕಾ ಹಿಡಿಸಬಹುದು.

ಇಬ್ಬರನ್ನು ಒಟ್ಟಿಗೆ ಆಡಿಸುವ ಪಪೆಟ್ ಶೈಲಿ ನಿಮಗಲ್ಲ, ಅದಕ್ಕೆ ಬೆರಳಿನ ಕೆಲಸ ಜಾಸ್ತಿ. ಆದರೂ ಅದನ್ನು ಹೇಳದೆ ಮುಂದೆ ಹೋಗಲಾರೆ, ಇಂಡೀ ಗೇಮ್‌ಗಳು ಅತಿ ಧೈರ್ಯ ತೋರಿಸಿದ್ದು ಇಲ್ಲಿಯೇ. ಸ್ಕಲ್‌ಗರ್ಲ್ಸ್‌ನ ಮಿಸ್ ಫಾರ್ಚೂನ್ ತನ್ನ ತಲೆಯನ್ನೇ ಕಳಚಿ ನೆಲಕ್ಕೆ ಬಿಡುತ್ತಾಳೆ. ಮುಂಡ ಒಂದು ಕಡೆಯಿಂದ, ತಲೆ ಇನ್ನೊಂದು ಕಡೆಯಿಂದ ದಾಳಿ ಮಾಡುತ್ತವೆ. ನಡುವೆ ಸಿಕ್ಕವನಿಗೆ ಯಾವ ಕಡೆ ಬ್ಲಾಕ್ ಮಾಡಬೇಕೆಂದೇ ತಿಳಿಯುವುದಿಲ್ಲ. ತಲೆಗೆ ಏಟು ಬಿದ್ದರೂ ನೋವು ಅವಳಿಗೇ, ಆದ್ದರಿಂದ ಬಿಟ್ಟ ತಲೆಯನ್ನು ಕಾಪಾಡುವುದೂ ಆಟದ ಭಾಗ. 2018ರ ಪಾಕೆಟ್ ರಂಬಲ್‌ನಲ್ಲಿ ಎರಡೇ ಬಟನ್. ಅಷ್ಟರಲ್ಲೇ ಕೈಕೋ ಎಂಬ ಹುಡುಗಿ ತನ್ನ ಬೆಕ್ಕನ್ನೂ ಜೊತೆಗೆ ಆಡಿಸುತ್ತಾಳೆ.

2020ರಲ್ಲಿ ಪೂರ್ಣವಾಗಿ ಬಿಡುಗಡೆಯಾದ ದೆಮ್ಸ್ ಫೈಟಿನ್ ಹರ್ಡ್ಸ್ ಇನ್ನೂ ಮುಂದೆ ಹೋಯಿತು. ಅದರ ಮೊದಲ 6 ಪಾತ್ರಗಳೂ ಹೆಣ್ಣು, ಆರೂ ನಾಲ್ಕು ಕಾಲಿನ ಪ್ರಾಣಿಗಳು. ಅದು ಶುರುವಾದದ್ದು ಮೈ ಲಿಟಲ್ ಪೋನಿಯ ಅಭಿಮಾನಿಗಳು ಮಾಡುತ್ತಿದ್ದ ಫೈಟಿಂಗ್ ಗೇಮ್ ಆಗಿ. 2013ರಲ್ಲಿ ಹ್ಯಾಸ್ಬ್ರೊ ಕಂಪನಿಯ ಕಾನೂನು ನೋಟಿಸ್ ಬಂದು ನಿಲ್ಲಿಸಬೇಕಾಯಿತು. ಆಗ ಪೋನಿ ಸರಣಿಯನ್ನು ರೂಪಿಸಿದ ಲಾರೆನ್ ಫೌಸ್ಟ್ ಅವರೇ ಮುಂದೆ ಬಂದು ಈ ತಂಡಕ್ಕೆ ಹೊಸ ಪಾತ್ರಗಳನ್ನು ಬರೆದುಕೊಟ್ಟರು, ಗೇಮ್ ನಡೆದದ್ದು ಸ್ಕಲ್‌ಗರ್ಲ್ಸ್‌ನ ಎಂಜಿನ್ (ಗೇಮ್ ಓಡಿಸುವ ತಂತ್ರಾಂಶ) ಮೇಲೆ. ಅಲ್ಲಿ ಪಾಮ್ ಎಂಬ ಕುರಿಮರಿ ಅಂಜುಬುರುಕಿ. ಎದುರಾಳಿಯ ಹತ್ತಿರ ಹೋಗಲು ಅವಳಿಗೆ ಭಯ, ಅದಕ್ಕೆ ನಾಯಿಮರಿಗಳನ್ನು ಕರೆದು ಮುಂದೆ ಬಿಡುತ್ತಾಳೆ. ವೆಲ್ವೆಟ್ ಎಂಬ ಹಿಮಸಾರಂಗ ಜಂಬದವಳು, ಹಿಮ ಎರಚಿ ಎಲ್ಲರನ್ನೂ ದೂರ ಇಡುತ್ತಾಳೆ. ಇಬ್ಬರೂ ದೂರದಿಂದಲೇ ಆಡುವವರು. ಒಬ್ಬಳದು ಹೆದರಿಕೆಯಿಂದ ಹುಟ್ಟಿದ ದೂರ, ಇನ್ನೊಬ್ಬಳದು ತಾತ್ಸಾರದಿಂದ ಹುಟ್ಟಿದ ದೂರ, ಆಡುವಾಗ ಆ ವ್ಯತ್ಯಾಸ ಬೆರಳಿಗೇ ಗೊತ್ತಾಗುತ್ತದೆ. ಎದೆ, ಸೊಂಟ, ತುಟಿ ಯಾವುದೂ ಇಲ್ಲದೆ ಆರು ಹೆಣ್ಣುಗಳನ್ನು ಆರು ಬೇರೆ ವ್ಯಕ್ತಿಗಳಾಗಿ ಮಾಡಿದ ಈ ಕೆಲಸದ ಬಗ್ಗೆ ನನಗೆ ಅಪಾರ ಗೌರವ.

ಬಟ್ಟೆಯ ಮಾತು ಬಂದಿತು, ತಪ್ಪಿಸಿಕೊಳ್ಳುವುದು ಸರಿಯಲ್ಲ. ಎಲ್ಲರೂ ಹೆಣ್ಣಾದ ಮಾತ್ರಕ್ಕೆ ಗೇಮ್ ಹೆಣ್ಣನ್ನು ಗೌರವಿಸುತ್ತದೆ ಎಂದೇನಿಲ್ಲ. 2009ರ ವ್ಯಾನ್‌ಗಾರ್ಡ್ ಪ್ರಿನ್ಸೆಸ್ ಅನ್ನು ತೊಮೊಆಕಿ ಸುಗೆನೊ ಹೆಚ್ಚುಕಡಿಮೆ ಒಬ್ಬರೇ ಮಾಡಿ ಉಚಿತವಾಗಿ ಕೊಟ್ಟರು. ಆಡುವವಳೊಬ್ಬಳು, ಬೆಂಬಲಕ್ಕೊಬ್ಬಳು ಎಂಬ ಅದರ ಜೋಡಿ ಪದ್ಧತಿ ಚೆನ್ನಾಗಿದೆ, ಒಬ್ಬ ಮನುಷ್ಯನ ಆ ದುಡಿಮೆಗೆ ತಲೆಬಾಗುತ್ತೇನೆ. ಆದರೆ ಪಾತ್ರಗಳ ಮೈಯನ್ನು ತೋರಿಸುವ ರೀತಿ ನೋಡಿ ಗೇಮನ್ನೇ ಮುಚ್ಚಿ ಪಕ್ಕಕ್ಕಿಟ್ಟವರು ನನಗೆ ಗೊತ್ತು. ಸ್ಕಲ್‌ಗರ್ಲ್ಸ್ ಮೇಲೂ ಮೊದಲ ದಿನದಿಂದ ಇದೇ ಆಕ್ಷೇಪ ಇತ್ತು. ನರ್ಸ್ ವೇಷದ ನಿಂಜಾ ವ್ಯಾಲೆಂಟೈನ್‌ಳ ಉಡುಪು ಅವಳ ವಿಷದ ಸೀಸೆಗಳ ಜಾಣ ಆಟವನ್ನು ಮರೆಮಾಡುತ್ತದೆ. 2023ರ ಜೂನ್‌ನಲ್ಲಿ ಅದರ ತಂಡ ಇಂಥ ಕೆಲವು ಚಿತ್ರಗಳನ್ನು ತೆಗೆದು, ಕೆಲವನ್ನು ತಿದ್ದಿತು. ಕೆಲವು ಆಟಗಾರರು ಸಿಟ್ಟಾಗಿ ಗೇಮ್‌ಗೆ ಕೆಟ್ಟ ರಿವ್ಯೂಗಳ ಸುರಿಮಳೆ ಸುರಿಸಿದರು. ನನ್ನ ಅಭಿಪ್ರಾಯ ಕೇಳಿದರೆ ತಿದ್ದಿದ್ದು ಒಳ್ಳೆಯದಾಯಿತು. ಒಂದು ಚಿತ್ರ ಬದಲಾದರೂ ಒಂದು ಫ್ರೇಮ್ ಆಟವೂ ಬದಲಾಗಲಿಲ್ಲ. ಹೊಸದಾಗಿ ಬರುವ ಒಬ್ಬ ಹುಡುಗಿ ಮುಜುಗರವಿಲ್ಲದೆ ಸೆರೆಬೆಲ್ಲಾಳನ್ನು ಆಡುವಂತಾದರೆ ಅದು ಗೇಮ್‌ಗೆ ಲಾಭ.

ಈಗ ನಿಮ್ಮ ಸ್ವಂತ ಗೇಮ್. ಚಿತ್ರ ಬರೆಯುವುದನ್ನು ಸದ್ಯಕ್ಕೆ ನಿಲ್ಲಿಸಿ. ನಾಲ್ಕೂ ಪಾತ್ರಗಳನ್ನು ಬಣ್ಣದ ಚೌಕಗಳಾಗಿ ಇಟ್ಟು ಆಡಿ ನೋಡಿ. ಮೊದಲು ಹೇಳಿದ ಎರಡು ಪ್ರಶ್ನೆಗಳಿಗೆ ನಾಲ್ಕು ಚೌಕಗಳೂ ಬೇರೆಬೇರೆ ಉತ್ತರ ಕೊಡಬೇಕು. ಕೆಂಪು ಚೌಕಕ್ಕೆ ಎದುರಾಳಿ ಹತ್ತಿರ ಬೇಕು, ನೀಲಿಗೆ ದೂರ ಬೇಕು, ಹಸಿರಿಗೆ ಅವನು ಗಾಳಿಯಲ್ಲಿರಬೇಕು, ಹಳದಿಗೆ ಅವನು ಮೊದಲು ಕೈ ಎತ್ತಬೇಕು, ಹೀಗೆ. ಇದು ಗಟ್ಟಿಯಾದ ಮೇಲೆ ಯಾವ ಚೌಕ ಹೆಣ್ಣು ಎಂದು ನಿರ್ಧರಿಸಿ. ಬೇಕಿದ್ದರೆ ಚೀಟಿ ಎತ್ತಿ. ಗಂಡು-ಹೆಣ್ಣನ್ನು ಮೊದಲು ನಿರ್ಧರಿಸಿ ಮೂವ್ ಹುಡುಕಲು ಹೊರಟರೆ ಕೈ ತಾನಾಗಿ ಹಳೇ ಅಚ್ಚಿಗೇ ಹೋಗುತ್ತದೆ. ನನ್ನ ಕೈಯೂ ಹೋಗಿದೆ.

ಇಬ್ಬರು ಹೆಣ್ಣುಮಕ್ಕಳಿರುವುದರಿಂದ ನಿಮಗೊಂದು ಅವಕಾಶವಿದೆ. ಅವರಿಬ್ಬರನ್ನೂ ಒಬ್ಬರಿಗೊಬ್ಬರು ಅತಿ ದೂರದ ಶೈಲಿಗಳಲ್ಲಿ ಇಡಿ. ಒಬ್ಬಳು ಪಟ್ಟು ಹಾಕುವವಳಾದರೆ ಇನ್ನೊಬ್ಬಳು ಬಲೆ ಹೆಣೆಯುವವಳು. ಇಬ್ಬರೂ ಚುರುಕಿನ ಕಡೆಗೆ ಜಾರುತ್ತಿದ್ದರೆ ಒಬ್ಬಳ ಡ್ಯಾಶ್ ಕಿತ್ತುಹಾಕಿ ನೋಡಿ. ಡ್ಯಾಶ್ ಇಲ್ಲದೆ ಅವಳು ಹೇಗೆ ಗೆಲ್ಲಬೇಕು ಎಂದು ಯೋಚಿಸಿದಾಗ ಅವಳ ವ್ಯಕ್ತಿತ್ವ ಹೊರಗೆ ಬರುತ್ತದೆ. ಹೆಣ್ಣು ಎಂಬ ಒಂದೇ ಕಾರಣಕ್ಕೆ ಲೈಫ್ ಕಡಿಮೆ ಮಾಡಬೇಡಿ. ಲೈಫ್ ಕಡಿಮೆ ಇರಬೇಕಾದದ್ದು ಬೇರೆ ಏನೋ ಹೆಚ್ಚು ಸಿಕ್ಕ ಪಾತ್ರಕ್ಕೆ.

ಇನ್ನು ಭಾರ. ಹೊಸದಾಗಿ ಗೇಮ್ ಮಾಡುವವರು ಭಾರ ಎಂದರೆ ದಪ್ಪ ಮೈ ಬರೆಯುವುದು ಎಂದುಕೊಳ್ಳುತ್ತಾರೆ. ಪರದೆಯ ಮೇಲೆ ಭಾರ ಹುಟ್ಟುವುದು ಸಮಯದಿಂದ. ಈ ಗೇಮ್‌ಗಳು ಸೆಕೆಂಡಿಗೆ 60 ಫ್ರೇಮ್ ಓಡುತ್ತವೆ. 5 ಫ್ರೇಮಿನಲ್ಲಿ ತಾಗುವ ಏಟು ಕಣ್ಣಿಗೆ ಚಿಟಿಕೆ ಹೊಡೆದಂತೆ. ಅದೇ ಏಟಿಗೆ 20 ಫ್ರೇಮ್ ಕೊಟ್ಟು, ಅದರಲ್ಲಿ ಹೆಚ್ಚಿನ ಪಾಲನ್ನು ಕೈ ಹಿಂದಕ್ಕೆಳೆದು ನಿಲ್ಲುವ ಭಂಗಿಗೆ ಮೀಸಲಿಟ್ಟು, ತಾಗುವ ಕ್ಷಣಕ್ಕೆ ಒಂದೆರಡೇ ಫ್ರೇಮಿನಲ್ಲಿ ಮುಂದಕ್ಕೆ ಎಸೆಯಿರಿ. ತಾಗಿದ ಮೇಲೆ ಇಬ್ಬರನ್ನೂ ಹತ್ತು ಹನ್ನೆರಡು ಫ್ರೇಮ್ ಹಾಗೇ ಹೆಪ್ಪುಗಟ್ಟಿಸಿ. ಇದಕ್ಕೆ ಹಿಟ್‌ಸ್ಟಾಪ್ ಎನ್ನುತ್ತಾರೆ. ಆಮೇಲೆ ಸದ್ದು, ನೆಲದ ಧೂಳು, ಪರದೆಯ ಒಂದು ಸಣ್ಣ ನಡುಕ. ಇಷ್ಟು ಮಾಡಿದರೆ ಕಡ್ಡಿಯಂಥ ಹುಡುಗಿಯ ಏಟೂ ಬಂಡೆ ಬಿದ್ದಂತೆ ಇರುತ್ತದೆ. ನಿಮ್ಮ ಚೌಕಗಳ ಮೇಲೇ ಇದನ್ನು ಮಾಡಿ ನೋಡಿ, ಚೌಕಕ್ಕೂ ತೂಕ ಬರುತ್ತದೆ.

ಕೊನೆಗೆ ಚಿತ್ರ ಬರೆಯುವಾಗ ಶೈಲಿಗೊಂದು ಕಾಣುವ ಕಾರಣ ಕೊಡಿ. ಸೆರೆಬೆಲ್ಲಾಳ ಟೋಪಿಯ ತೋಳು, ಪ್ಯಾರಾಸೋಲ್‌ಳ ಕೊಡೆ, ಪಾಮ್‌ಳ ನಾಯಿಮರಿಗಳಂತೆ. ನೆರಳನ್ನು ಮಾತ್ರ ನೋಡಿದರೂ ಇವಳು ಎಲ್ಲಿಂದ ಹೊಡೆಯುತ್ತಾಳೆ ಎಂದು ಎದುರಾಳಿಗೆ ಅಂದಾಜಾಗಬೇಕು. ಪಾತ್ರಗಳಿಗೆ ಕಪ್ಪು ಬಳಿದು, ಗೇಮ್ ಗೊತ್ತಿಲ್ಲದ ಒಬ್ಬರ ಮುಂದೆ ಇಟ್ಟು "ಇವಳು ಹೇಗೆ ಹೊಡೆಯುತ್ತಾಳೆ ಅನ್ನಿಸುತ್ತೆ?" ಎಂದು ಕೇಳಿ. ಅವರು "ಹುಡುಗಿ ಅಲ್ವಾ, ಫಾಸ್ಟ್ ಇರಬೇಕು" ಎಂದರೆ ಚಿತ್ರ ಇನ್ನೂ ಮುಗಿದಿಲ್ಲ. "ಆ ಕೈಗೆ ಸಿಕ್ಕರೆ ಕಷ್ಟ" ಎಂದರೆ ಮುಗಿದಿದೆ.

ಅಲ್ಲಿಯವರೆಗೆ ನಿಮ್ಮ ಕೈಗೊಂದು ಕೆಲಸ ಕೊಡುತ್ತೇನೆ. ಥ್ರೋ, ಏಟು, ಬ್ಲಾಕ್ ಇವುಗಳ ನಂಟು ಇನ್ನೂ ಗೊಂದಲ ಅನ್ನಿಸಿದರೆ ಮೊದಲು ಎರಡು ದಿನ ಫ್ಯಾಂಟಸಿ ಸ್ಟ್ರೈಕ್ ಆಡಿ. 2020ರಿಂದ ಅದು ಉಚಿತ. ಅದರಲ್ಲಿ ಕೂರುವುದೇ ಇಲ್ಲ, ಮೂವ್‌ಗಳು ಒಂದೊಂದು ಬಟನ್‌ಗೆ ಬರುತ್ತವೆ. ಎದುರಾಳಿ ಥ್ರೋ ಮಾಡುವಾಗ ನೀವು ಏನನ್ನೂ ಒತ್ತದೆ ಕೈ ಬಿಟ್ಟಿದ್ದರೆ ಥ್ರೋ ಅವನಿಗೇ ತಿರುಗುತ್ತದೆ. ಹಿಡಿಯುವವಳ ತಲೆಯೊಳಗೆ ಏನು ನಡೆಯುತ್ತದೆ ಎನ್ನುವುದು ಅಲ್ಲಿ ಬೇಗ ಅರ್ಥವಾಗುತ್ತದೆ. ಆಮೇಲೆ ಸ್ಕಲ್‌ಗರ್ಲ್ಸ್‌ನ ಟ್ರೇನಿಂಗ್ ಮೋಡ್ ತೆರೆದು, ಸೆರೆಬೆಲ್ಲಾಳನ್ನು ಆರಿಸಿ, ಎದುರಿನ ಬೊಂಬೆಯನ್ನು ಬ್ಲಾಕ್‌ನಲ್ಲಿ ಇಡಿ. ಸಣ್ಣ ಏಟು, ಓಟ, ನಿಲ್ಲು, ಡೈಮಂಡ್ ಡ್ರಾಪ್. ಇದನ್ನು ಎಡಕ್ಕೆ ಮುಖ ಮಾಡಿ ಇಪ್ಪತ್ತು ಸಲ, ಬಲಕ್ಕೆ ಇಪ್ಪತ್ತು ಸಲ ಮಾಡಿ. ನಂತರ ಬೊಂಬೆಯನ್ನು ಹಾರುವಂತೆ ಇಟ್ಟು ಎಕ್ಸೆಲೆಬೆಲ್ಲಾ ಅಭ್ಯಾಸ ಮಾಡಿ. ಎರಡೂ ಕೈಗೆ ಹತ್ತಿದ ದಿನ ನಿಜವಾದ ಎದುರಾಳಿಯ ಜೊತೆ ಕೂತು, ಮೊದಲ ಪಂದ್ಯದಲ್ಲಿ ಗೆಲ್ಲುವ ಯೋಚನೆ ಬಿಟ್ಟು, ಅವನು ಏಟು ಬ್ಲಾಕ್ ಮಾಡಿದ ಮೇಲೆ ಕೂರುತ್ತಾನೋ ಹಾರುತ್ತಾನೋ ಎಂಬುದನ್ನು ಮಾತ್ರ ಎಣಿಸಿಕೊಳ್ಳಿ. ಎರಡನೇ ಪಂದ್ಯದಿಂದ ಹಿಡಿಯಲು ಶುರುಮಾಡಿ.